ಹೊಸ್ತಿನ ದಿನ ತೆರೆದ ಗೇಟು

ಗೇಟು ತೆರೆದು ತಿಂಗಳು ಕಳೆದಿದ್ದರೂ ಚಂದ್ರ ತನ್ನ ತಾಯಿ ಅಮ್ಮಣಿಯನ್ನು ಆ ದಾರಿಯಲ್ಲಿ ನಡೆಯಲು ಬಿಟ್ಟಿರಲಿಲ್ಲ.

ಮುಂಬೈಯ ಹೋಟೆಲನ್ನು ತಮ್ಮನಿಗೆ ಬಿಟ್ಟು ತಲ್ಲೂರಿಗೆ ಮರಳಿದ ನೆರೆಮನೆಯ ಲೀಲಾಧರ ಶೆಟ್ಟರು ಕಾಂಪೌಂಡು ಕಟ್ಟಿ, ತಮ್ಮ ಜಾಗದಲ್ಲಿ ಚಂದ್ರನ ಮನೆಯವರು ರಸ್ತೆಗೆ ಹೋಗುತ್ತಿದ್ದ ಕಾಲುದಾರಿಗೆ ಗೇಟು ಹಾಕಿ ಬೀಗ ಜಡಿದಿದ್ದರು. ಚಂದ್ರ ಕುಂದಾಪುರದ ಕೋರ್ಟಿಗೆ ಅರ್ಜಿ ಹಾಕಿದ. ದೇವಸ್ಥಾನಕ್ಕೆ ಹೂ ಕಟ್ಟಲು ಹೋಗುವ ಅಮ್ಮಣಿ ಗದ್ದೆಯಂಚಿನಲ್ಲಿ ಸುತ್ತಿ ಹೋಗತೊಡಗಿದಳು.

ಸ್ವಂತ ಗದ್ದೆಯಿಲ್ಲದ ಅವರ ಮನೆಗೆ ಹೊಸ ತೆನೆಯನ್ನು ಮನೆತುಂಬಿಸಿಕೊಳ್ಳುವ ಹೊಸ್ತಿನ ಹಬ್ಬಕ್ಕೆ ಕದಿರು ಬರುವುದು ಶೆಟ್ಟರ ಗದ್ದೆಯಿಂದಲೇ. ಕೇಸು ನಡೆಯುತ್ತಿದ್ದರೂ ಅಮ್ಮಣಿ ಈ ವರ್ಷವೂ ಹರಿವಾಣ ಹಿಡಿದು ಗೇಟಿನ ಹೊರಗೆ ನಿಂತಳು. ಹೊಸ ಭತ್ತದ ತೆನೆಯನ್ನು ಗೋಡೆಯ ಮೇಲಿಂದ ದಾಟಿಸುವುದು ಶೆಟ್ಟರಿಗೆ ಸರಿಕಾಣಲಿಲ್ಲ. ಬೀಗ ತೆಗೆದರು. ಮರುದಿನ ಗೇಟನ್ನೇ ಕಳಚಿಸಿದರು.

ಚಂದ್ರನಿಗೆ ಸಂತೋಷವಾಗಲಿಲ್ಲ. ತಾನು ಸರಿ ಎಂದು ಕೋರ್ಟು ಹೇಳಬೇಕಿತ್ತು.

"ಈಗ ಆ ದಾರೀಲ್ ಹೋರೆ ಕೇಸ್ ಬಿದ್ ಹೋತ್ತ್. ತೀರ್ಪು ಬಪ್ಪಲ್ಲಿವರಿಗೆ ಅಂಚಲ್ಲೇ ಹೋಗ್," ಎಂದ.

ಅಮ್ಮಣಿ ಅಂಚಿನಲ್ಲೇ ಹೋಗಿಬಂದಳು. ಮಳೆ ಬಿದ್ದ ಒಂದು ಬೆಳಿಗ್ಗೆ ಅಂಚು ಕುಸಿದು ಬಿದ್ದಳು. ಎಡಗೈಗೆ ಪ್ಲಾಸ್ಟರ್ ಹಾಕಿದ ಮೇಲೆ ಹೂ ಕಟ್ಟಲಾಗಲಿಲ್ಲ. ಕಟ್ಟುವವರಿಗೆ ಹೂ ಆರಿಸಿಕೊಟ್ಟರೂ ಆಯಿತೆಂದು ಅದೇ ಅಂಚಿನಲ್ಲಿ ಮತ್ತೆ ಹೋಗತೊಡಗಿದಳು. ಚಂದ್ರ ಆಗಲೂ ಬೇಡವೆನ್ನಲಿಲ್ಲ.

ವಿಚಾರಣೆಯ ದಿನ ಶೆಟ್ಟರ ವಕೀಲರು ಗೇಟಿಲ್ಲದ ದಾರಿಯ ಫೋಟೊ ಕೊಟ್ಟರು. ದಾರಿ ತೆರೆದಿರುವುದು ನಿಜವೇ ಎಂದು ನ್ಯಾಯಾಧೀಶರು ಚಂದ್ರನನ್ನೇ ಕೇಳಿದರು. ಹೌದೆಂದ. ಹಾಗಾದರೆ ಈಗ ನಿಮ್ಮ ತೊಂದರೆ ಏನು ಎಂದರು. ದೂರಿಗೆ ಕಾರಣವೇ ಉಳಿದಿಲ್ಲವೆಂದು ಅರ್ಜಿ ವಜಾ ಆಯಿತು. ಸರಿ ಯಾರು, ತಪ್ಪು ಯಾರು ಎಂಬ ಮಾತೇ ಬರಲಿಲ್ಲ.

ಹೊರಗೆ ಶೆಟ್ಟರು ಹತ್ತಿರ ಬಂದರು. ಗೆದ್ದವರ ಮುಖವಲ್ಲ ಅದು.

"ಅಮ್ಮಣಿಯಕ್ಕನ ಕೈ ಹ್ಯಾಂಗಿತ್ತ್? ದಾರಿ ಬಿಟ್ಟ್ ಕೊಟ್ಟಿದ್ದೆ ಅಲ್ದಾ, ಆ ಅಂಚಲ್ಲಿ ಎಂತಕ್ ಹೋದ್ರ್ ಮಾರಾಯಾ?"

"ಗೊತ್ತಿಲ್ಲ," ಎಂದು ಚಂದ್ರ ಬೈಕಿನತ್ತ ತಿರುಗಿದ.

ಮನೆಯಲ್ಲಿ ಅಮ್ಮಣಿ ದೇವಸ್ಥಾನಕ್ಕೆ ಹೊರಟು ನಿಂತಿದ್ದಳು. ಕೇಸು ಮುಗಿಯಿತು ಎಂದ. ಏನಾಯಿತೆಂದು ಅವಳು ಕೇಳಲಿಲ್ಲ.

"ಹಂಗಾರೆ ನಾನಿನ್ನ್ ಆ ದಾರೀಲ್ ಹೋಯ್ಲಕ್ಕಾ ಮಗಾ?"

ಅವನು ಹೂಂ ಎಂದು ತಲೆಯಾಡಿಸಿದ. ಅವಳ ಬುಟ್ಟಿ ತೆಗೆದುಕೊಂಡು ಹಿಂದೆ ನಡೆದ. ಗೇಟಿದ್ದ ಜಾಗ ಬರುವಾಗ, ಆಗಷ್ಟೇ ಕಾರಿನಿಂದಿಳಿದ ಶೆಟ್ಟರು ಅವಳನ್ನು ಕಂಡರು. ಚಂದ್ರ ಗೋಡೆಯ ಮರೆಯಲ್ಲೇ ನಿಂತುಬಿಟ್ಟ.

"ಹ್ವಾಯ್ ಅಮ್ಮಣಿಯಕ್ಕ, ಈಗ ದಾರಿ ಕಂಡ್ತಾ? ಇಷ್ಟ್ ದಿನ ಎಂತಕ್ ಅತ್ಲಾಯ್ ಹೋದ್ರಿ?"

"ಎಂತ ಮಾಡುದ್ ಶೆಟ್ರೆ," ಅಮ್ಮಣಿ ನಕ್ಕಳು. "ಅಭ್ಯಾಸ ಆಯ್ತಲ್ಲ, ಕಾಲೇ ಅತ್ಲಾಯ್ ಹೋತಿತ್ತ್."

ಶೆಟ್ಟರೂ ನಕ್ಕರು. ಅವಳು ಬುಟ್ಟಿಗಾಗಿ ಹಿಂದೆ ತಿರುಗಿ ಸರಿಯಿದ್ದ ಕೈಯನ್ನು ಚಾಚಿದಳು. ಬುಟ್ಟಿ ಕೊಡಬೇಕಾದರೆ ಚಂದ್ರ ಗೋಡೆಯ ಮರೆಯಿಂದ ಹೊರಗೆ ಬರಬೇಕಿತ್ತು.