ಹದಿನಾರು ಪುಟ

ಖಾಲಿ ಶವಪೆಟ್ಟಿಗೆ ಮೆಟ್ಟಿಲ ತಿರುವಿನಲ್ಲಿ ಸಿಕ್ಕಿಕೊಂಡಿತ್ತು. ಮೇಲಿನಿಂದ ಎಳೆಯುವವರು ಇಬ್ಬರು, ಕೆಳಗಿನಿಂದ ನೂಕುವವರು ಇಬ್ಬರು. ಗೋಡೆಯ ಸುಣ್ಣ ಉದುರಿ ಎಲ್ಲರ ತಲೆ ಬೆಳ್ಳಗಾಗಿತ್ತು.

"ಒಳಗೆ ಹೋಗೋಕೇ ಇಷ್ಟು ತಕರಾರು. ಇನ್ನು ತುಂಬ್ಕೊಂಡು ಬರೋದು ಹೇಗಪ್ಪಾ?" ಕೆಳಮನೆಯ ಟೈಲರ್ ಗೊಣಗಿದ.

"ನೆಟ್ಟಗೆ ನಿಲ್ಲಿಸಿ ತಿರುಗಿಸ್ರೋ," ಎಂದ ಗೋಂದು.

ಪೆಟ್ಟಿಗೆ ಸಲೀಸಾಗಿ ತಿರುಗಿತು.

"ದಾರಣ್ಣ ಇದ್ದಿದ್ರೆ ಮೊದಲೇ ಅಳತೆ ತಗೊಂಡಿರೋರು," ಎಂದು ಟೈಲರ್ ಕಣ್ಣೊರೆಸಿಕೊಂಡ.

ತಿರುಗಿಸಲು ಹೇಳಿದ್ದು ತಾನು, ಹೊಗಳಿಕೆ ಸತ್ತವನಿಗೆ. ಗೋಂದು ಹಲ್ಲು ಕಚ್ಚಿದ.

ಮೂವತ್ತು ವರ್ಷ ಇಬ್ಬರೂ ಒಂದೇ ಬೈಂಡಿಂಗ್ ಅಂಗಡಿಯಲ್ಲಿ ದುಡಿದವರು. ಅವನು ಪುಸ್ತಕ ಹೊಲಿಯುತ್ತಿದ್ದ, ಅದಕ್ಕೆ ಎಲ್ಲರ ಬಾಯಲ್ಲಿ ದಾರ. ಇವನು ರಟ್ಟು ಅಂಟಿಸುತ್ತಿದ್ದ, ಅದಕ್ಕೆ ಗೋಂದು. ಕಳೆದ ಹನ್ನೊಂದು ವರ್ಷದಿಂದ ಗೋಂದುವೇ ಮೇಸ್ತ್ರಿ, ದಾರ ಅವನ ಕೈಕೆಳಗೆ. ಆದರೂ ಬಂದ ಗಿರಾಕಿ ಮೊದಲು ಕೇಳುತ್ತಿದ್ದುದು "ದಾರಣ್ಣ ಇಲ್ವಾ?" ಎಂದೇ.

*

ಹನ್ನೊಂದು ವರ್ಷದ ಹಿಂದೆ ಅಂಗಡಿಗೆ 'ಸಕಲ' ಬಂದಿತ್ತು. ಅಂಥದೊಂದು ಪುಸ್ತಕ ಇದೆಯೆಂದು ಕಸುಬಿನವರೆಲ್ಲ ಕೇಳಿದ್ದರು, ಕಂಡವರಿರಲಿಲ್ಲ. ನಕ್ಷತ್ರ ಹುಟ್ಟುವುದರಿಂದ ಹಿಡಿದು ಇರುವೆ ಸಾಯುವವರೆಗೆ ಏನು ಯಾಕಾಗುತ್ತದೆ ಎಂಬುದೆಲ್ಲ ಅದರಲ್ಲಿದೆಯಂತೆ. ಮಸಿಯಲ್ಲಿ ಬರೆದ ಒಂದೇ ಪ್ರತಿ. ಅದನ್ನು ಎದೆಗವಚಿಕೊಂಡು ತಂದ ಮುದುಕ, "ರಟ್ಟು ಗಟ್ಟಿಯಾಗಿದೆ, ಹೊಲಿಗೆ ಮಾತ್ರ ಬಿಚ್ಚಿದೆ. ಇವರೊಬ್ಬರೇ ಮುಟ್ಟಲಿ," ಎಂದು ದಾರನನ್ನು ತೋರಿಸಿದ.

ಆ ದಿನ ಗೋಂದುವಿಗೆ ಊಟ ಸೇರಲಿಲ್ಲ. ದಾರ ಕೈ ತೊಳೆಯಲು ಹೋದಾಗ ಮೇಜಿನ ಮೇಲಿನ ರಾಶಿಯ ನಡುವಿನಿಂದ ಒಂದು ಕಂತೆ ಎಳೆದು ಅಂಗಿಯೊಳಗೆ ಸೇರಿಸಿದ. ನಾಲ್ಕು ಹಾಳೆ ಮಡಚಿದ ಹದಿನಾರು ಪುಟ. ಮನೆಯಲ್ಲಿ ಬಾಗಿಲು ಹಾಕಿಕೊಂಡು ಓದಿದ. ವೃತ್ತದೊಳಗೆ ವೃತ್ತ, ಗ್ರಹಗಳ ಗುಣಾಕಾರ. ತಲೆಬುಡ ತಿಳಿಯಲಿಲ್ಲ. ತಿಳಿದದ್ದು ಕೊನೆಯ ಪುಟದ ಕೊನೆಯ ಸಾಲು ಮಾತ್ರ: "ಇಷ್ಟೆಲ್ಲ ಇರುವುದಕ್ಕೆ ಕಾರಣ ಒಂದೇ. ಅದು"

ಅಲ್ಲಿಗೆ ಪುಟ ಮುಗಿದಿತ್ತು. ಮುಂದಿನ ಪದ ಮುಂದಿನ ಕಂತೆಯಲ್ಲಿತ್ತು. ಅದನ್ನು ಹೊಲಿದವನು ದಾರ.

"ಏನಿತ್ತೋ ಅದರಲ್ಲಿ?" ಎಂದು ಗೋಂದು ಎಷ್ಟೋ ಸಲ ಕೇಳಿದ್ದ.

"ಓದ್ತಾ ಕೂತ್ರೆ ಹೊಲಿಯೋನ್ಯಾರೋ?" ಎಂದು ದಾರ ನಗುತ್ತಿದ್ದ.

ಎಲ್ಲ ಗೊತ್ತಿದ್ದವನ ನಗು ಅದು ಎಂದು ಗೋಂದುವಿನ ಲೆಕ್ಕ.

*

ಆ ಕಂತೆ ಈಗಲೂ ಅವನ ಅಂಗಿಯೊಳಗಿತ್ತು. ಪೆಟ್ಟಿಗೆಯಲ್ಲಿ ದಾರನ ತಲೆಯಡಿ ತೂರಿಸಿ ಕೈ ತೊಳೆದುಕೊಳ್ಳಬೇಕೆಂದು ಬೆಳಗ್ಗೆಯೇ ತೀರ್ಮಾನಿಸಿದ್ದ. ಅದಕ್ಕೂ ಮೊದಲು ಒಂದು ಮಾತು ಕೇಳಬೇಕಿತ್ತು. ದಾರನ ಹೆಂಡತಿ ಅಡುಗೆಮನೆಯಲ್ಲಿ ಬಂದವರು ಕುಡಿದಿಟ್ಟ ಲೋಟ ತೊಳೆಯುತ್ತಿದ್ದಳು.

"ಅತ್ತಿಗೆ, ಆ ಪುಸ್ತಕದಲ್ಲಿ 'ಕಾರಣ ಒಂದೇ, ಅದು' ಅಂತ ಇತ್ತಲ್ಲ. ಆಮೇಲೆ ಏನಿತ್ತು ಅಂತ ನಿಮಗೇನಾದ್ರೂ ಹೇಳಿದ್ನಾ?"

ಅವಳು ನಲ್ಲಿ ನಿಲ್ಲಿಸಿದಳು.

"ಆ ಸಾಲು ನಿಮಗೆ ಹೇಗೆ ಗೊತ್ತು?"

"ಅವನೇ ಹೇಳಿದ್ದ."

"ಅವರು ಒಂದಕ್ಷರ ಓದಿಲ್ಲ. ಅವತ್ತು ಸಂಜೆ ಎಣಿಸಿದಾಗ ಒಂದು ಕಂತೆ ಕಮ್ಮಿ ಇತ್ತು. ಅಂಗಡೀಲಿ ಇದ್ದೋರು ನೀವಿಬ್ಬರೇ. ಅಷ್ಟೇ ದಪ್ಪದ ಖಾಲಿ ಹಾಳೆ ಮಡಚಿ ಆ ಜಾಗದಲ್ಲಿ ಹೊಲಿದ್ರು. ತಮ್ಮ ಕೈಯಿಂದ್ಲೇ ನೀರು ಚೆಲ್ಲಿ ಹಾಳಾಯ್ತು ಅಂತ ಅಂಗಡಿ ಯಜಮಾನ್ರ ಮುಂದೆ ನಿಂತ್ರು. ಇನ್ನೇನು ಕೈಗೆ ಬರ್ತಿದ್ದ ಮೇಸ್ತ್ರಿ ಕೆಲಸ ನಿಮ್ಮ ಪಾಲಾಯ್ತು."

ಮೇಸ್ತ್ರಿಯಾದ ದಿನ ಗೋಂದು ಇಡೀ ಅಂಗಡಿಗೆ ಚಹಾ ಕೊಡಿಸಿದ್ದ. ದಾರ ಎರಡು ಲೋಟ ಕುಡಿದಿದ್ದ.

"ನನ್ನ ಹೆಸರು ಯಾಕೆ ಹೇಳಲಿಲ್ವಂತೆ?"

"'ಅವನಿಗೆ ಅಂಟಿಸೋದು ಬಿಟ್ರೆ ಇನ್ನೇನು ಬರುತ್ತೆ, ಕೆಲಸ ಹೋದ್ರೆ ಎಲ್ಲಿಗೆ ಹೋಗ್ತಾನೆ' ಅಂದ್ರು." ಅವಳು ಸೆರಗಿಗೆ ಕೈ ಒರೆಸಿಕೊಂಡಳು. "ಇದ್ರೆ ಕೊಟ್ಬಿಡಿ. ಮುದುಕರ ಮನೆಗೆ ಕಳಿಸ್ತೀನಿ. ಇವರ ಹೆಸರಿಗೆ ಅಂಟಿರೋ ತಪ್ಪಾದ್ರೂ ಹೋಗ್ಲಿ."

ಗೋಂದುವಿಗೆ ಕಿವಿ ಬಿಸಿಯಾಯಿತು. ಕದ್ದದ್ದು ತಾನು, ಅದರಲ್ಲೂ ಅವನೇ ಮೇಲಾಗಿದ್ದ. ಈಗ ಇದನ್ನು ಕೊಟ್ಟರೆ ಸತ್ತ ಮೇಲೂ ಇನ್ನೊಂದು ಮೆಟ್ಟಿಲು ಏರುತ್ತಾನೆ.

"ನನ್ನ ಹತ್ರ ಏನೂ ಇಲ್ಲ ಅತ್ತಿಗೆ," ಎಂದ. ಪೆಟ್ಟಿಗೆಗೆ ಮೊಳೆ ಹೊಡೆಯುವಾಗಲೂ ಹತ್ತಿರ ಹೋಗಲಿಲ್ಲ.

*

"ಗೋಂದಣ್ಣಾ, ನೀವು ಕುಳ್ಳಗಿದ್ದೀರಿ, ಹಿಂದೆ ಬನ್ನಿ. ಪೆಟ್ಟಿಗೆ ವಾಲುತ್ತೆ," ಎಂದ ಟೈಲರ್.

"ಮೇಸ್ತ್ರಿ ನಾನು. ಮುಂದೆ ನಾನೇ."

ನೆತ್ತಿಯ ಮೇಲೆ ಬಿಸಿಲು. ಪೆಟ್ಟಿಗೆಯನ್ನು ಹೆಗಲಿಗೆ ತಾಗಿಸಲು ಗೋಂದು ಎರಡೂ ಕೈ ಎತ್ತಿ ತುದಿಗಾಲಲ್ಲಿ ನಡೆಯಬೇಕಾಯಿತು. ಬೀದಿ ದಾಟುವಷ್ಟರಲ್ಲಿ ಬೆವರು ಕುತ್ತಿಗೆಯಿಂದ ಎದೆಗೆ ಹರಿಯಿತು.

"ಅಯ್ಯೋ, ಜೇಬಲ್ಲಿ ಪೆನ್ನು ಸೋರಿದೆ ನೋಡ್ರಿ!" ಎದುರಿಗೆ ಬಂದವರೊಬ್ಬರು ಕೂಗಿದರು.

ಗೋಂದು ಬಗ್ಗಿ ನೋಡಿದ. ಬಿಳಿ ಅಂಗಿಯ ಮೇಲೆ ಒಂದು ಕಪ್ಪು ವೃತ್ತ ಮೂಡಿತ್ತು. ಅದರೊಳಗೆ ಇನ್ನೊಂದು.

ಪಕ್ಕದಲ್ಲೇ ನಡೆಯುತ್ತಿದ್ದ ಅತ್ತಿಗೆ ತಲೆಯೆತ್ತಿದಳು. ಅವಳ ನೋಟ ಅಂಗಿಯ ಮೇಲೆ ನಿಂತಿತು, ಅಲ್ಲಿಂದ ಕದಲಲಿಲ್ಲ. ಪೆಟ್ಟಿಗೆ ಬಿಟ್ಟು ಎದೆ ಮುಚ್ಚಿಕೊಳ್ಳುವ ಹಾಗಿರಲಿಲ್ಲ. ಮಸಿ ಒಂದು ಗುಂಡಿಯಿಂದ ಇನ್ನೊಂದು ಗುಂಡಿಗೆ ನಿಧಾನವಾಗಿ ಇಳಿಯುತ್ತಿತ್ತು.