ಏಳನೆಯ ಪ್ರತಿವಾದಿ

ಚನ್ನಕೇಶವನ ಅಂಗಡಿಗೆ ಲೈಸೆನ್ಸ್ ಇತ್ತು, ತೆರಿಗೆ ಕಟ್ಟಿದ ರಸೀದಿ ಇತ್ತು, ಈಗ ಕೋರ್ಟಿನ ಆದೇಶವೂ ಬಂದಿತ್ತು. ಹೇರೋಹಳ್ಳಿಯಲ್ಲಿ ಅವನಪ್ಪ ರಾಗಿ ಬೆಳೆಯುತ್ತಿದ್ದ ನೆಲದಲ್ಲೇ ಅವನು ಗ್ರಾನೈಟ್ ಅಂಗಡಿ ಹಾಕಿದ್ದ. ತನ್ನ ನೆಲಕ್ಕೆ ತನ್ನ ಕಲ್ಲಿನ ಲಾರಿ ಬರಲು ಪೊಲೀಸರು ಬೇಕಾದರಲ್ಲ ಎಂದು ಬೆಳಗಿನಿಂದ ಅವನ ತಲೆ ಕಾದಿತ್ತು.

ಎರಡು ತಿಂಗಳಿಂದ ಹಮಾಲಿ ಸಂಘದವರು ಗೇಟಿಗೆ ಅಡ್ಡ ಕೂತಿದ್ದರು. ಕೇಳಿದ್ದು ಒಂದೇ: ಕಲ್ಲು ಇಳಿಸಲು ಆರು ಜನ ಇರಬೇಕು, ಕೂಗುವವನು ಬೇರೆ ಇರಬೇಕು. ಕೂಗುವವನು ಕಲ್ಲಿಗೆ ಕೈ ಹಚ್ಚುವುದಿಲ್ಲ. ಪಕ್ಕದಲ್ಲಿ ನಿಂತು, ಅದು ಯಾವ ಕಡೆ ವಾಲುತ್ತದೆಂದು ನೋಡಿ "ಐಸಾ" ಅನ್ನುತ್ತಾನೆ. ಆ ಕೂಗಿಗೆ ಎಲ್ಲರೂ ಒಟ್ಟಿಗೆ ಎತ್ತುತ್ತಾರೆ.

ಬಾಗಲಕೋಟೆ ಕಡೆಯ ಲಿಂಗಪ್ಪ ಹದಿಮೂರು ವರ್ಷ ಹಾಗೆ ಕೂಗಿದ್ದ. ಹೋದ ಮಾಘದಲ್ಲಿ ಚನ್ನಕೇಶವ ಅವಸರಕ್ಕೆ ಮೂವರನ್ನು ಮಲ್ಲತ್ತಹಳ್ಳಿಯ ಸೈಟಿಗೆ ಅಟ್ಟಿ, ಉಳಿದ ನಾಲ್ವರೇ ಇಳಿಸಲಿ ಎಂದು ಗದರಿದ್ದ. ಲಿಂಗಪ್ಪನೂ ಕೈ ಹಚ್ಚಬೇಕಾಯಿತು. ವಾಲುವುದನ್ನು ನೋಡುವವರು ಯಾರೂ ಇರಲಿಲ್ಲ. ಕಲ್ಲು ವಾಲಿ ಅವನನ್ನು ಅಂಗಡಿಯ ಹಿಂದಿನ ಗೋಡೆಗೆ ಒತ್ತಿತು. ಕೂಗು ಅರ್ಧಕ್ಕೆ ನಿಂತಿತು.

ಎಸ್‌ಐ ಮಹದೇವ್ ಗೇಟಿನಲ್ಲಿ ನಿಂತು ಆದೇಶ ಓದಿದರು. ಹನ್ನೊಂದು ಮಂದಿ ಪ್ರತಿವಾದಿಗಳು ಅಂಗಡಿಯ ನೂರು ಮೀಟರ್ ಒಳಗೆ ಬರಕೂಡದು. ಒಬ್ಬೊಬ್ಬರ ಹೆಸರು ಕರೆದು ಸಹಿ ಹಾಕಿಸಿಕೊಂಡರು.

"ಏಳು. ಲಿಂಗಪ್ಪ. ಯಾರ್ರೀ ಲಿಂಗಪ್ಪ?"

ಬಾಗಿಲ ಹಿಂದೆ ಅಂಟಿಸಿದ್ದ ಹಮಾಲಿಗಳ ಪಟ್ಟಿಯನ್ನು ಚನ್ನಕೇಶವನೇ ಫೋಟೋ ಹೊಡೆದು ವಕೀಲರಿಗೆ ಕಳಿಸಿದ್ದ. ಸತ್ತವನ ಹೆಸರಿಗೆ ಗೀಟು ಎಳೆಯಲು ಮರೆತಿದ್ದ.

ಸಾಲಿನ ಕೊನೆಯಲ್ಲಿದ್ದ ಲಿಂಗಪ್ಪನ ಹೆಂಡತಿ ಅಕ್ಕವ್ವ ಎದ್ದಳು.

"ಅವರು ಹೊರಗ ಇಲ್ರಿ ಸಾಹೇಬ್ರ, ಒಳಗ ಅದಾರ. ಹೊರಗ ಕಳಸ್ರಿ, ಕರಕೊಂಡು ಹೋಗತೀನಿ."

ಹಾಗೆಂದು ಅವಳು ನಡೆದಳು. ಉಳಿದವರೂ ಹಿಂದೆ ಹೋದರು. ಪೊಲೀಸರು ಟೇಪು ಹಿಡಿದು ಅಳೆದು, ನೂರು ಮೀಟರ್ ಆಚೆಯ ಬೇಕರಿಯ ಮುಂದೆ ಸುಣ್ಣದ ಗೆರೆ ಹಾಕಿದರು. ಸಂಘದವರು ಅದರಾಚೆ ಕೂತರು.

ಚನ್ನಕೇಶವ ಹೊಸದಾಗಿ ಕರೆತಂದಿದ್ದ ನಾಲ್ವರು ಲಾರಿ ಹತ್ತಿದರು. ಮೊದಲ ಕಲ್ಲಿಗೆ ಕೈ ಹಚ್ಚಿ ಅವನ ಮುಖ ನೋಡಿದರು. ಕೂಗಲು ಅವನು ಉಸಿರು ಎಳೆದುಕೊಂಡ.

ಅವನು ಬಾಯಿ ತೆರೆಯುವ ಮೊದಲೇ ಹಿಂದಿನ ಗೋಡೆಯ ಕಡೆಯಿಂದ ಕೂಗು ಬಂತು: "ಐಸಾ."

ನಾಲ್ವರೂ ಎತ್ತಿದರು. ಕಲ್ಲು ಒಂದಿಷ್ಟೂ ವಾಲದೆ ನೆಲಕ್ಕಿಳಿಯಿತು. ಅವರಲ್ಲಿ ದೊಡ್ಡವನು ಕೈ ಒರೆಸಿಕೊಳ್ಳುತ್ತಾ ಗೋಡೆಯ ಕಡೆ ನೋಡಿದ.

"ಕೂಗಿದ್ದು ಯಾರು ಸಾರ್?"

"ನಾನೇ ಕಣಯ್ಯ. ಕೆಲಸ ನೋಡು."

"ನಿಮ್ ಬಾಯಿ ಅಲ್ಲಾಡ್ಲೇ ಇಲ್ವಲ್ಲ ಸಾರ್."

ಚನ್ನಕೇಶವ ಬೈದ, ಹೆಚ್ಚಿನ ಕೂಲಿ ಕೊಡುತ್ತೇನೆಂದ. ನಾಲ್ವರೂ ಚಪ್ಪಲಿ ಮೆಟ್ಟಿಕೊಂಡು ಹೊರಟೇಬಿಟ್ಟರು. ಹತ್ತು ಕಲ್ಲು ಲಾರಿಯಲ್ಲೇ ಉಳಿದವು. ಡ್ರೈವರು ಸಂಜೆಯೊಳಗೆ ಖಾಲಿಯಾಗದಿದ್ದರೆ ವಾಪಸ್ ಒಯ್ಯುತ್ತೇನೆ ಎಂದ.

ಚನ್ನಕೇಶವ ಬೇಕರಿಯವರೆಗೆ ನಡೆದ. ಜೀವಮಾನದಲ್ಲಿ ಯಾರ ಮುಂದೆಯೂ ತಗ್ಗದವನು ಸಂಘದ ಮುಖಂಡ ರುದ್ರಮುನಿಯ ಎದುರು ಗೆರೆಯ ಈಚೆ ನಿಂತು, ಆರು ಜನ ಬನ್ನಿ, ಕೂಗುವವನೂ ಬರಲಿ, ಒಪ್ಪಿದೆ ಎಂದ.

ರುದ್ರಮುನಿ ಟೀ ಲೋಟ ಕೆಳಗಿಟ್ಟ.

"ಗೆರಿ ದಾಟಿದರ ನಮ್ಮನ್ನ ಒಳಗ ಹಾಕತಾರ್ರಿ. ನಿಮ್ಮ ಕಾಗದಾನ ಹಂಗ ಹೇಳತೈತಿ."

"ನಾನೇ ಹೇಳ್ತೀನಿ ಅವರಿಗೆ."

ಗೆರೆಯ ಬಳಿ ನಿಂತಿದ್ದ ಮಹದೇವ್ ಆಗದೆಂದು ತಲೆಯಾಡಿಸಿದರು. ಆದೇಶ ಬದಲಾಯಿಸಲು ಕೋರ್ಟಿಗೇ ಹೋಗಬೇಕು, ಅಲ್ಲಿಯವರೆಗೆ ಅಂಗಡಿಗೆ ರಕ್ಷಣೆ ಇದೆ ಎಂದರು.

ಅಕ್ಕವ್ವ ಅವನ ಮುಖ ನೋಡುತ್ತಿರಲಿಲ್ಲ. ಅವನ ಹೆಗಲಾಚೆ ಅಂಗಡಿಯ ಕಡೆಗೆ ಕಿವಿಗೊಟ್ಟಿದ್ದಳು. ಅವನೂ ತಿರುಗಿದ. ಗೇಟಿನೊಳಗೆ ಲಾರಿ ಒಂದೇ ನಿಂತಿತ್ತು.

ಒಳಗಿನಿಂದ ಕೂಗು ಬಂತು. ಸ್ವಲ್ಪ ಹೊತ್ತು ಕಾದು, ಕೈ ಹಚ್ಚುವವರು ಯಾರೂ ಇಲ್ಲದ್ದಕ್ಕೋ ಏನೋ, ಇನ್ನೊಮ್ಮೆ ಬಂತು.