ಕೆಂಪಿನ ಮೇಲೆ ಹಸಿರು

"ಆ ದರಿದ್ರ ಕೈಯಲ್ಲಿ ನನ್ನ ಇಟ್ಟಿಗೆ ಮುಟ್ಟಬೇಡ ಕಣೇ. ಕುಷ್ಠ ಹಿಡಿದೋರಿಗೆಲ್ಲ ಕೂಲಿ ಕೊಡೋಕೆ ನಾನೇನು ಧರ್ಮಛತ್ರ ಇಟ್ಟಿದೀನಾ?"

ಧಣಿ ಅಚ್ಚಿನ ಪೆಟ್ಟಿಗೆಯನ್ನು ಒದ್ದ. ಅಕ್ಕ ಮಣ್ಣು ಮೆತ್ತಿದ ಕೈಗಳನ್ನು ಸೆರಗಿನಲ್ಲಿ ಮುಚ್ಚಿಕೊಂಡಳು. ಇಟ್ಟಿಗೆ ಭಟ್ಟಿಯಲ್ಲಿ ನಾವೆಲ್ಲ ಅವಳನ್ನು ಅಕ್ಕ ಎಂದೇ ಕರೆಯುತ್ತಿದ್ದೆವು. ಅವಳ ಅಂಗೈ ತುಂಬ ಜೋಳದ ಕಾಳಿನಂಥ ಗಂಟುಗಳು, ಎದೆಯ ಮೇಲೆ ಕಪ್ಪು ಚುಕ್ಕೆಗಳು. ಅವಳ ಗಂಡನಿಗೂ ಹೀಗೇ ಶುರುವಾಗಿ, ಹೊಟ್ಟೆ ಊದಿ, ಹಿಂದಿನ ಬೇಸಿಗೆಯಲ್ಲಿ ತೀರಿಕೊಂಡಿದ್ದ.

ಪಕ್ಕದಲ್ಲೇ ನಿಂತಿದ್ದ ಮೇಸ್ತ್ರಿ ಉರುಳಿದ ಪೆಟ್ಟಿಗೆಯನ್ನು ಎತ್ತಿ ಬದಿಗಿಟ್ಟ. ಅವನು ಅಕ್ಕನ ಒಡಹುಟ್ಟಿದ ತಮ್ಮ. ತಾಯಿ ಸತ್ತ ಮೇಲೆ ಕಂಕುಳಲ್ಲಿಟ್ಟು ಸಾಕಿದವಳು ಅವಳೇ.

ಕೂಲಿ ತಪ್ಪಿದ ಅಕ್ಕ ಆಸ್ಪತ್ರೆಗೆ ಹೋದಳು. ನರ್ಸಮ್ಮ ಅಂಗೈ ತಿರುವಿ ನೋಡಿ, ಇದು ಕುಷ್ಠವಲ್ಲ, ಯಾವ ನೀರು ಕುಡಿಯುತ್ತೀ ಎಂದು ಕೇಳಿದಳಂತೆ. ಕೆಲವು ಕಡೆ ನೆಲದ ಆಳದ ಮಣ್ಣಿನಲ್ಲೇ ಆರ್ಸೆನಿಕ್ ಎಂಬ ಪಾಷಾಣ ಇರುತ್ತದೆ, ಅದು ನೀರಿಗೆ ಇಳಿಯುತ್ತದೆ, ಬಣ್ಣವಿಲ್ಲ ವಾಸನೆಯಿಲ್ಲ, ಕುದಿಸಿದರೂ ಹೋಗುವುದಿಲ್ಲ ಎಂದಳಂತೆ. ಹಲವು ವರ್ಷದ ಹಿಂದೆ, ಮಳೆಗಾಲಕ್ಕೆ ಭಟ್ಟಿ ಮುಚ್ಚಿದ್ದಾಗಲೇ, ನಿಮ್ಮ ಕೈಪಂಪಿಗೆ ಕುಡಿಯಬಾರದೆಂದು ನಾವೇ ಕೆಂಪು ಬಣ್ಣ ಹೊಡೆಸಿದ್ದೆವಲ್ಲ, ಕಣ್ಣಿಗೆ ಬೀಳಲಿಲ್ಲವೇ ಎಂದೂ ಗದರಿದಳಂತೆ.

ನಮ್ಮ ಪಂಪು ಹಸಿರು.

ಅಕ್ಕ ಬಂದವಳೇ ಇಟ್ಟಿಗೆ ಚೂರು ಹಿಡಿದು ಪಂಪನ್ನು ಕೆರೆದಳು. ಹಸಿರು ಹಕ್ಕಳೆಯ ಕೆಳಗೆ ಕೆಂಪು ಕಂಡಿತು. ಕಾಂಪೌಂಡಿನೊಳಗಿನ ಧಣಿಯ ಪಂಪಿನಿಂದ ದಿನವೂ ಕೊಡ ಹೊರುತ್ತಿದ್ದ ಮೇಸ್ತ್ರಿಯ ಹೆಂಡತಿ ಆಗ ನಮಗೆ ನೆನಪಾದಳು. ಮಹಾರಾಣಿಗೆ ನಮ್ಮ ನೀರಿನಲ್ಲಿ ಬೇಳೆ ಬೇಯುವುದಿಲ್ಲವಂತೆ ಎಂದು ನಾವು ನಗುತ್ತಿದ್ದೆವು.

ಅಕ್ಕ ತಮ್ಮನ ಬಾಗಿಲಿಗೆ ಹೋದಳು. ಅವನು ತಡವರಿಸಿದ. ಕೆಂಪು ಬಣ್ಣ ನೋಡಿದರೆ ಆಳುಗಳು ಓಡಿಹೋಗುತ್ತಾರೆ ಎಂದು ಧಣಿ ಹಸಿರು ಹೊಡೆಸಿದರು, ತನಗೂ ಹೊಟ್ಟೆಯಿದೆ, ಮಕ್ಕಳಿದ್ದಾರೆ ಎಂದ.

"ನಿನ್ನ ಭಾವ ಸಾಯೋವಾಗ ಬಾಯಿಗೆ ನೀರು ಬಿಟ್ಟೋನು ನೀನೇ ಅಲ್ವೇನೋ?" ಎಂದಳು ಅಕ್ಕ. "ಅದೂ ಇದೇ ನೀರಾ?"

ಅವನು ಒಳಗೆ ಹೋಗಿ ಬಾಗಿಲು ಹಾಕಿಕೊಂಡ.

ಮರುದಿನ ಯಾರೂ ಕೆಲಸಕ್ಕೆ ಇಳಿಯಲಿಲ್ಲ. ಖಾಲಿ ಕೊಡ ಇಟ್ಟುಕೊಂಡು ಪಂಪಿನ ಸುತ್ತ ಕೂತೆವು. ಧಣಿ ಬಂದ. ತನ್ನ ಪಂಪಿದ್ದ ಕಾಂಪೌಂಡಿನ ಗೇಟಿಗೆ ಬೀಗ ಹಾಕಿಸಿ, ಮೇಸ್ತ್ರಿಗೆ ಕುಡಿದು ತೋರಿಸು ಎಂದ. ಮೇಸ್ತ್ರಿ ಪಂಪು ಒತ್ತಿ, ಬೊಗಸೆಯೊಡ್ಡಿ, ಗಟಗಟ ಕುಡಿದ. ಒಂದು ಬೊಗಸೆಗೆ ಯಾರೂ ಸಾಯುವುದಿಲ್ಲವೆಂದು ಅವನಿಗೂ ಗೊತ್ತು, ನಮಗೂ ಗೊತ್ತು. ಕುಡಿಯುವಾಗ ಅವನು ಧಣಿಯ ಮುಖ ನೋಡಿದನೇ ಹೊರತು ಅಕ್ಕನ ಕಡೆ ತಿರುಗಲಿಲ್ಲ.

ಬಿಸಿಲು ಏರಿತು. ಮಕ್ಕಳು ನೀರು ನೀರು ಎಂದು ಅಳತೊಡಗಿದವು. ಹಸುಗೂಸಿನ ತಾಯಿಯೊಬ್ಬಳು ತಲೆ ತಗ್ಗಿಸಿಕೊಂಡು ಕೊಡ ಎತ್ತಿದಳು. ನಾವು ಯಾರೂ ತಡೆಯಲಿಲ್ಲ.

ಅಕ್ಕ ಎದ್ದಳು. ತುಳಿದು ಹದಮಾಡಿದ್ದ ಮಣ್ಣಿನಿಂದ ದೊಡ್ಡ ಮುದ್ದೆ ಕಿತ್ತು ತಂದು ಪಂಪಿನ ಬಾಯಿಗೆ ಗಿಡಿದಳು.

"ಒತ್ತೋ ಬೋಳಿಮಗನೇ, ಅವಳ ಮುಖ ಏನು ನೋಡ್ತೀಯ" ಎಂದ ಧಣಿ.

ಪಂಪಿನ ಹಿಡಿಯ ಮೇಲೆ ಮೈಭಾರ ಬಿಟ್ಟು ತಮ್ಮ ಒತ್ತಿದ. ಮಣ್ಣು ಉಬ್ಬಿತು, ಬಿರಿಯಿತು, ಕೆಸರು ನೀರು ಅಕ್ಕನ ಮುಖಕ್ಕೆ ರಾಚಿತು. ಅವಳು ಒರೆಸಿಕೊಳ್ಳದೆ ಇನ್ನೊಂದು ಮುದ್ದೆಗೆ ಬಗ್ಗಿದಳು.